ಪಾರ್ಕಿಂಗ್ ಜಗಳವೇ ದೊಡ್ಡದಾದರೆ ಯುದ್ಧವಾ?

ಸಿಲ್ಕ್‌ಬೋರ್ಡ್ ಸಂತ್ರಸ್ತ:
ಮೊನ್ನೆ ಶನಿವಾರ ರಾತ್ರಿ ನಮ್ಮ ಅಪಾರ್ಟ್‌ಮೆಂಟ್ ಬೇಸ್‌ಮೆಂಟ್‌ನಲ್ಲಿ ಜಗಳ ಆಯಿತು. ವಿಷಯ ಏನೂ ಇಲ್ಲ. ಬಿ ಬ್ಲಾಕ್ ಹುಡುಗ ಎ ಬ್ಲಾಕ್ ಅಂಕಲ್ ಜಾಗದಲ್ಲಿ ಬೈಕ್ ನಿಲ್ಲಿಸಿದ್ದ. ಐದು ನಿಮಿಷ ಅಂದಿದ್ದನಂತೆ, ಅರ್ಧ ಗಂಟೆ ಆಯಿತಂತೆ. ಇಬ್ಬರೇ ಇದ್ದಾಗ "ಸ್ವಲ್ಪ ತೆಗೀರಿ", "ತೆಗೀತೀನಿ ಸರ್" ಅಂತ ಮೆಲ್ಲಗೇ ಮಾತಾಡಿಕೊಂಡಿದ್ದರು ಅಂತ ವಾಚ್‌ಮ್ಯಾನ್ ಆಮೇಲೆ ಹೇಳಿದ. ಲಿಫ್ಟ್‌ನಿಂದ ನಾಲ್ಕು ಜನ ಇಳಿದರು ನೋಡಿ, ದನಿ ಏರಿತು. ಹತ್ತು ಜನ ಸೇರುವಷ್ಟರಲ್ಲಿ ಕಾಲರ್ ಹಿಡಿದಾಗಿತ್ತು. ಹುಡುಗ ಹೆಲ್ಮೆಟ್ ಎತ್ತಿದ, ಯಾರೋ ಕಿತ್ತುಕೊಂಡು ವಾಚ್‌ಮ್ಯಾನ್ ಟೇಬಲ್ ಮೇಲಿಟ್ಟರು.

ನಾಚಿಕೆ ಬಿಟ್ಟು ಹೇಳುತ್ತೇನೆ, ನಾನು ಎ ಬ್ಲಾಕ್. ನಾನೂ ತೋಳು ಮಡಚಿದೆ. ಯಾರ ತಪ್ಪು ಅಂತ ಆಗ ನನಗೆ ಗೊತ್ತೇ ಇರಲಿಲ್ಲ. ನಮ್ಮ ಕಡೆಯವರು ಯಾರು ಅಂತ ಮಾತ್ರ ಗೊತ್ತಿತ್ತು. ರಾತ್ರಿ ನಿದ್ದೆ ಬರಲಿಲ್ಲ, ಒಂದೇ ಯೋಚನೆ. ಯುದ್ಧ ಅನ್ನುವುದು ಇದೇ ಏನು? ಈ ಕೋಪವನ್ನೇ ಲಕ್ಷ ಪಟ್ಟು ದೊಡ್ಡದು ಮಾಡಿದರೆ ಅದೇ ಆಗುತ್ತಾ?

ಕತ್ತರಿಗುಪ್ಪೆ ಕಿಟ್ಟಿ:
ಅದೇ ಗುರು. ರಕ್ತದಲ್ಲಿದೆ. ಗೊಂಬೆ ಅಂತ ತಾಂಜಾನಿಯಾದಲ್ಲಿ ಕಾಡಿದೆ, ಜೇನ್ ಗುಡಾಲ್ ಚಿಂಪಾಂಜಿಗಳನ್ನು ನೋಡುತ್ತಾ ಕೂತಿದ್ದ ಜಾಗ. ಒಂದೇ ಗುಂಪಾಗಿದ್ದ ಚಿಂಪಾಂಜಿಗಳು ಎರಡು ಹೋಳಾದವು. 1974ರಿಂದ 78ರವರೆಗೆ ಒಂದು ಗುಂಪಿನ ಗಂಡುಗಳು ಇನ್ನೊಂದರ ಗಂಡುಗಳನ್ನು ಒಂದೊಂದಾಗಿ ಒಂಟಿ ಸಿಕ್ಕಾಗ ಹಿಡಿದು ಮುಗಿಸಿದವು. ನಿನ್ನೆಯವರೆಗೆ ಪರಸ್ಪರ ಹೇನು ಹೆಕ್ಕುತ್ತಿದ್ದವೇ. ಅವಕ್ಕೆ ರಾಜಕಾರಣಿ ಇಲ್ಲ, ಟಿವಿ ಇಲ್ಲ, ಧರ್ಮ ಇಲ್ಲ. ನಾವು ಪ್ಯಾಂಟ್ ಹಾಕಿದ್ದೀವಿ, ಅಷ್ಟೇ ವ್ಯತ್ಯಾಸ.

ಮಲ್ಲೇಶ್ವರದ ಮೀನಾ:
ಕಿಟ್ಟಿ ಅವರೇ, ಚಿಂಪಾಂಜಿ ಎಷ್ಟು ಹತ್ತಿರದ ನೆಂಟನೋ ಬೊನೊಬೊ ಅನ್ನುವ ಇನ್ನೊಂದು ವಾನರ ಕೂಡ ಅಷ್ಟೇ ಹತ್ತಿರದ ನೆಂಟ. ಅವು ಎದುರು ಗುಂಪು ಬಂದರೆ ಎಷ್ಟೋ ಸಲ ಜೊತೆಗೆ ಕೂತು ತಿನ್ನುತ್ತವೆ. ನೆಂಟರಲ್ಲಿ ನಮಗೆ ಬೇಕಾದವರನ್ನು ಆರಿಸಿಕೊಳ್ಳೋದು ಸುಲಭ ಅಲ್ವಾ? 1986ರಲ್ಲಿ ಸ್ಪೇನಿನ ಸೆವಿಲ್‌ನಲ್ಲಿ ಬೇರೆ ಬೇರೆ ದೇಶದ ವಿಜ್ಞಾನಿಗಳು ಸೇರಿ ಒಂದು ಹೇಳಿಕೆ ಬರೆದರು. ಯುದ್ಧ ಹುಟ್ಟುಗುಣ ಅನ್ನುವುದಕ್ಕೆ ವಿಜ್ಞಾನದ ಆಧಾರ ಇಲ್ಲ ಅಂತ. ಯುನೆಸ್ಕೋ ಕೂಡ ಅದನ್ನು ಒಪ್ಪಿಕೊಂಡಿತು.

ಕತ್ತರಿಗುಪ್ಪೆ ಕಿಟ್ಟಿ:
ಮೇಡಂ, ಸಹಿ ಹಾಕಿಬಿಟ್ಟರೆ ಹುಲಿ ಹುಲ್ಲು ತಿನ್ನುತ್ತಾ? ಕೀನ್ಯಾದಲ್ಲಿ ನಟರುಕ್ ಅಂತ ಜಾಗ. ಸುಮಾರು 10,000 ವರ್ಷ ಹಳೆಯ 27 ಜನರ ಮೂಳೆ ಸಿಕ್ಕಿದೆ. ತಲೆಬುರುಡೆ ಒಡೆದಿದೆ, ಬಾಣದ ಚೂರು ಸಿಕ್ಕಿಕೊಂಡಿದೆ. ಆಗ ಅಲ್ಲಿ ಊರೂ ಇಲ್ಲ, ರಾಜನೂ ಇಲ್ಲ.

ಲ್ಯಾಬ್ ಕೋಟು:
ನಟರುಕ್ ಬಗ್ಗೆ ತಜ್ಞರಲ್ಲೇ ತಕರಾರಿದೆ, ಎಲ್ಲರೂ ಒಂದೇ ದಿನ ಸತ್ತವರಾ ಅಂತ. ಅದಿರಲಿ. ಮನುಷ್ಯ ಹೊಡೆಯಬಲ್ಲ ಅನ್ನುವುದರಲ್ಲಿ ಯಾರಿಗೂ ಅನುಮಾನ ಇಲ್ಲ. ಪೋಸ್ಟ್ ಹಾಕಿದವರ ಪ್ರಶ್ನೆ ಬೇರೆ. ಕೋಪವೇ ಯುದ್ಧವಾಗುತ್ತಾ ಅಂತ. ನನ್ನ ಪ್ರಕಾರ ಇಲ್ಲ. ಕೋಪ ಹತ್ತು ನಿಮಿಷಕ್ಕೆ ಇಳಿಯುತ್ತದೆ, ಯುದ್ಧ ನಾಲ್ಕು ವರ್ಷ ನಡೆಯುತ್ತದೆ. ನಾಲ್ಕು ವರ್ಷ ಯಾರಿಗಾದರೂ ಸಿಟ್ಟು ಇರುತ್ತಾ? ನನ್ನ ಹೆಂಡತಿಯನ್ನು ಬಿಟ್ಟು.

ಶಾಸನ ಹುಚ್ಚ:
ಒಂದು ವಿಷಯ ಸೇರಿಸಲಾ? ನಮ್ಮ ಊರಿನ ಹೆಸರು ಮೊದಲು ಸಿಗುವುದೇ ಜಗಳದಲ್ಲಿ. ಬೇಗೂರಿನ ದೇವಸ್ಥಾನದಲ್ಲಿ ಕಲ್ಲೊಂದಿದೆ, ಕ್ರಿ.ಶ. 890ರ ಹೊತ್ತಿನದು. ಅದರಲ್ಲಿ "ಬೆಂಗಳೂರ ಕಾಳಗ" ಅಂತಿದೆ. ಅದರಲ್ಲಿ ಸತ್ತವನ ನೆನಪಿಗೆ ಹಾಕಿದ ಕಲ್ಲು. ಬೆಂದಕಾಳೂರು ಕಥೆ ಹೇಳುವವರಿಗೆ ನಾನು ಇದನ್ನು ತೋರಿಸಿ ತೋರಿಸಿ ಸಾಕಾಗಿದ್ದೇನೆ. ಹೆಬ್ಬಾಳದಲ್ಲಿ 2018ರಲ್ಲಿ ಸಿಕ್ಕ ಕಿತ್ತಯ್ಯನ ಕಲ್ಲು ಇನ್ನೂ ಹಳೆಯದು, 750ರ ಹೊತ್ತಿನದು. ಹೊರಗಿನಿಂದ ಬಂದ ದಂಡನ್ನು ತಡೆಯಲು ಹೋಗಿ ಸತ್ತವನು ಅವನು.

ನಾನು ನೂರಾರು ವೀರಗಲ್ಲು ನೋಡಿದ್ದೇನೆ. ಮಳೆಗಾಲದಲ್ಲಿ ಪಾಚಿ ಒರೆಸಿ, ಹಿಟ್ಟು ಸವರಿ ಅಕ್ಷರ ಓದಿದ್ದೇನೆ. ಹಿಟ್ಟು ಹಾಕಬಾರದು, ಕಲ್ಲಿಗೆ ಕೆಟ್ಟದ್ದು ಅಂತ ಈಗ ಗೊತ್ತು, ಬೈಯಬೇಡಿ. ಸಾಮಾನ್ಯವಾಗಿ ಮೂರು ಪಟ್ಟಿ ಇರುತ್ತದೆ. ಕೆಳಗೆ ಹೊಡೆದಾಟ, ನಡುವೆ ಅಪ್ಸರೆಯರು ಅವನನ್ನು ತೋಳು ಹಿಡಿದು ಎತ್ತಿಕೊಂಡು ಹೋಗುವುದು, ಮೇಲೆ ಅವನು ಲಿಂಗದ ಮುಂದೆ ಕೂತಿರುವುದು. ಕೆಳಗಿನ ಪಟ್ಟಿಯಲ್ಲಿ ಬಾಣ ಮೈಗೆ ನೆಟ್ಟಿರುತ್ತದೆ, ಆದರೆ ಮುಖ ನೋಡಿ. ಸಿಟ್ಟು ಇರುವುದಿಲ್ಲ. ಮದುವೆ ಫೋಟೋಗೆ ನಿಂತವನ ಹಾಗಿರುತ್ತಾನೆ. ಕಲ್ಲಿನ ಜೊತೆ ಮನೆಯವರಿಗೆ ನೆತ್ತರುಗೊಡಗೆ ಅಂತ ಜಮೀನೂ ಕೊಡುತ್ತಿದ್ದರು. ಕಲ್ಲು ನಿಲ್ಲಿಸುತ್ತಿದ್ದದ್ದು ಎಲ್ಲಿ? ಊರ ಬಾಗಿಲಲ್ಲಿ, ಕೆರೆ ಏರಿ ಮೇಲೆ. ದಿನಾ ದನ ಹೊಡೆದುಕೊಂಡು ಹೋಗುವ ಹುಡುಗ ನೋಡಲಿ ಅಂತ.

ನಿವೃತ್ತ ಫೌಜಿ:
ಶಾಸನ ಅವರು ಹೇಳಿದ್ದು ಸರಿ. 17 ವರ್ಷ ಸೇನೆಯಲ್ಲಿದ್ದೆ, ಈಗ ಒಂದು ಕಡೆ ಸೆಕ್ಯುರಿಟಿ ಕೆಲಸ. ಕೋಪ ಬಂದವನನ್ನು ನಾವು ಪೆಟ್ರೋಲಿಂಗ್‌ಗೆ ಕಳಿಸುತ್ತಿರಲಿಲ್ಲ. ಅವನು ತಾನೂ ಸಾಯುತ್ತಾನೆ, ನಮ್ಮನ್ನೂ ಸಾಯಿಸುತ್ತಾನೆ. ಮೊದಲ ಸಲ ಗುಂಡು ಹಾರಿದಾಗ ನನಗೆ ದೇಶ ನೆನಪಾಗಲಿಲ್ಲ, ಶತ್ರು ಮೇಲೆ ದ್ವೇಷವೂ ಬರಲಿಲ್ಲ, ಹೊಟ್ಟೆ ಕೆಟ್ಟಿತು, ಅಷ್ಟೇ. ನನ್ನ ಬಲಕ್ಕೆ ಹಾಸನ ಕಡೆಯ ಹುಡುಗ ಇದ್ದ. ಮನೆಯಿಂದ ಬಂದ ಉಪ್ಪಿನಕಾಯಿಯನ್ನು ಬೆರಳಲ್ಲಿ ಅಳೆದು ಅಳೆದು ನಮಗೆಲ್ಲ ಕೊಡುತ್ತಿದ್ದವನು. ನಾನು ಈಗ ತಲೆ ತಗ್ಗಿಸಿ ಕೂತುಬಿಟ್ಟರೆ ನಾಳೆ ಊಟದ ಹೊತ್ತಿಗೆ ಇವನ ಮುಖ ಹೇಗೆ ನೋಡಲಿ, ಇದೊಂದೇ ತಲೆಯಲ್ಲಿದ್ದದ್ದು. ಆಮೇಲೆ ಕೇಳಿದರೆ ಅವನ ತಲೆಯಲ್ಲಿ ನನ್ನ ಮುಖ ಇತ್ತಂತೆ. ಸಿವಿಲ್‌ನವರು ಇದನ್ನು ಶೌರ್ಯ ಅನ್ನುತ್ತಾರೆ, ಅನ್ನಲಿ ಬಿಡಿ.

ಲ್ಯಾಬ್ ಕೋಟು:
ಫೌಜಿ ಸರ್, ನೀವು ಎರಡು ಸಾಲಲ್ಲಿ ಹೇಳಿದ್ದನ್ನು ನಾವು ಲ್ಯಾಬ್‌ನಲ್ಲಿ ವರ್ಷಗಟ್ಟಲೆ ಹುಡುಕುತ್ತೇವೆ. ಅಮೆರಿಕದಲ್ಲಿ ಮಿಲ್‌ಗ್ರಾಮ್ ಅನ್ನುವ ಮನಶ್ಶಾಸ್ತ್ರಜ್ಞ 1960ರ ದಶಕದ ಶುರುವಿನಲ್ಲಿ ಮಾಡಿದ ಕರೆಂಟ್ ಶಾಕ್ ಪ್ರಯೋಗ ಎಲ್ಲರೂ ಕೇಳಿರುತ್ತೀರಿ. ಇನ್ನೊಬ್ಬ ತಪ್ಪು ಉತ್ತರ ಕೊಟ್ಟಾಗಲೆಲ್ಲ ಸ್ವಿಚ್ ಒತ್ತಿ ಅವನಿಗೆ ಶಾಕ್ ಕೊಡು, ಪ್ರತಿ ಸಲ ಹೆಚ್ಚಿಸು ಅಂತ ಹೇಳುತ್ತಿದ್ದರು. ಶಾಕ್ ಸುಳ್ಳು, ಕಿರುಚಾಟ ನಾಟಕ, ಆದರೆ ಸ್ವಿಚ್ ಒತ್ತುವವನಿಗೆ ಗೊತ್ತಿಲ್ಲ. 40 ಜನರಲ್ಲಿ 26 ಜನ 450 ವೋಲ್ಟ್‌ವರೆಗೂ ಹೋದರು. ಎಲ್ಲರೂ ಇಷ್ಟಕ್ಕೇ ನಿಲ್ಲಿಸಿ "ಮನುಷ್ಯ ಕ್ರೂರಿ" ಅನ್ನುತ್ತಾರೆ. ಇನ್ನೊಂದು ಸುತ್ತು ಮಾಡಿದರು. ಪಕ್ಕದಲ್ಲಿ ಇನ್ನಿಬ್ಬರನ್ನು ಕೂರಿಸಿ, ಅವರು ನಡುವೆ "ನಮ್ಮ ಕೈಲಾಗಲ್ಲ" ಅಂತ ಎದ್ದು ಹೋಗುವ ಹಾಗೆ ಮಾಡಿದರು. ಆಗ ಕೊನೆವರೆಗೂ ಹೋದವರು 40ರಲ್ಲಿ 4 ಜನ. ಅದೇ ಮನುಷ್ಯ, ಅದೇ ಸ್ವಿಚ್. ಬದಲಾದದ್ದು ಪಕ್ಕದವನು.

ಇನ್ನು ಲ್ಯಾಬ್ ಅಲ್ಲದ್ದು. 1942ರ ಜುಲೈ, ಪೋಲೆಂಡಿನ ಒಂದು ಹಳ್ಳಿ. ಜರ್ಮನ್ ರಿಸರ್ವ್ ಪೊಲೀಸ್ ಬೆಟಾಲಿಯನ್ 101, ಸುಮಾರು 500 ಜನ. ಹೆಚ್ಚಿನವರು ಮನೆ ಮಠ ಇದ್ದ ಮಧ್ಯವಯಸ್ಕರು. ಯಹೂದಿ ಹೆಂಗಸರು, ಮಕ್ಕಳು, ಮುದುಕರನ್ನು ಗುಂಡಿಟ್ಟು ಕೊಲ್ಲಬೇಕು, ಆಗದವರು ಪಕ್ಕಕ್ಕೆ ನಿಲ್ಲಬಹುದು ಅಂತ ಅವರ ಕಮಾಂಡರೇ ಹೇಳಿದ. ತಕ್ಷಣ ಪಕ್ಕಕ್ಕೆ ಬಂದವರು ಒಂದು ಡಜನ್ ಇರಬಹುದು. ಉಳಿದವರಿಗೆ ಶಿಕ್ಷೆಯ ಭಯ ಅಲ್ಲ. ಎಲ್ಲರೂ ನೋಡುತ್ತಿರುವಾಗ ಸಾಲು ಬಿಟ್ಟು ಬರುವುದು ಆಗಲಿಲ್ಲ. ಇದನ್ನು ಓದಿದ ದಿನ ನಾನು ಊಟ ಮಾಡಲಿಲ್ಲ.

ಕತ್ತರಿಗುಪ್ಪೆ ಕಿಟ್ಟಿ:
ಸರಿ, ಸೈನ್ಯ ಅಂದರೆ ಸಾಲು, ಕಮಾಂಡರ್ ಎಲ್ಲ ಇದೆ. ಗಲಭೆಗೆ ಯಾವ ಕಮಾಂಡರ್? 2016ರ ಸೆಪ್ಟೆಂಬರ್‌ನಲ್ಲಿ ಕಾವೇರಿ ಆದೇಶ ಬಂದ ದಿನ ಬಸ್ಸುಗಳು ಉರಿದದ್ದು ನೋಡಿಲ್ವಾ? ಬರೀ ಕೋಪ ಅದು.

ಯಶವಂತಪುರ ಯಾತ್ರಿ:
ಕಿಟ್ಟಿ, 2016 ನಾನು ಕಂಡಿಲ್ಲ, ಊರಲ್ಲಿದ್ದೆ. 2006 ಕಂಡಿದ್ದೇನೆ. ಏಪ್ರಿಲ್ 12, ಅಣ್ಣಾವ್ರು ಹೋದ ದಿನ. ಇಡೀ ಊರು ಅತ್ತಿತು, ನಮ್ಮಪ್ಪನೂ ಅತ್ತರು. ಮರುದಿನ ನಮ್ಮ ರಸ್ತೆಯಲ್ಲಿ ಕಲ್ಲು ತೂರಾಟ. ನಾನು ಮೇಲಿನ ಮನೆ ಕಿಟಕಿಯಿಂದ ನೋಡುತ್ತಿದ್ದೆ. ಪಕ್ಕದ ಗಲ್ಲಿಯ ಹುಡುಗನೊಬ್ಬ, ಹದಿನಾರು ವರ್ಷ ಇರಬಹುದು, ಅಂಗಡಿ ಶಟರ್‌ಗೆ ಕಲ್ಲು ಎಸೆಯುತ್ತಿದ್ದ. ಎಸೆಯುವುದು, ತಕ್ಷಣ ಹಿಂದೆ ತಿರುಗಿ ಗೆಳೆಯರ ಮುಖ ನೋಡುವುದು. ಮತ್ತೆ ಎಸೆಯುವುದು, ಮತ್ತೆ ತಿರುಗುವುದು. ಕಲ್ಲು ಎಲ್ಲಿ ಬಿತ್ತು ಅಂತ ಒಂದು ಸಲವೂ ನೋಡಲಿಲ್ಲ. ಗೆಳೆಯರು ಸಂದಿಗೆ ಸರಿದರು. ಅವನು ತಿರುಗಿದಾಗ ಯಾರೂ ಇರಲಿಲ್ಲ. ಕೈಯಲ್ಲಿ ಇನ್ನೊಂದು ಕಲ್ಲಿತ್ತು. ಅದನ್ನು ಚರಂಡಿ ಪಕ್ಕ ಮೆಲ್ಲಗೆ ಇಟ್ಟು ಹೋದ. ಎಸೆಯಲಿಲ್ಲ ಕಿಟ್ಟಿ, ಇಟ್ಟ.

ಮಲ್ಲೇಶ್ವರದ ಮೀನಾ:
ಓದಿ ಮೈ ಜುಮ್ಮೆಂದಿತು.
ಆದರೆ ನೋಡುವವರು ಇದ್ದರೆ ಸಾಲದು, ಎದುರಿನವನನ್ನು ಮನುಷ್ಯ ಅಲ್ಲ ಅಂತ ಮಾಡಬೇಕು. 1994ರಲ್ಲಿ ರುವಾಂಡಾದ ರೇಡಿಯೋ ಟುಟ್ಸಿ ಜನರನ್ನು ಜಿರಳೆ ಅಂತ ಕರೆಯುತ್ತಾ ಬಂತು. ನೂರು ದಿನದಲ್ಲಿ ಸುಮಾರು ಎಂಟು ಲಕ್ಷ ಜನ ಹೋದರು. ಪೋಸ್ಟ್ ಹಾಕಿದವರಿಗೆ ಒಂದು ಪ್ರಶ್ನೆ, ನಿಮ್ಮ ಎ ಬ್ಲಾಕ್ ವಾಟ್ಸಾಪ್ ಗ್ರೂಪಿನಲ್ಲಿ ಬಿ ಬ್ಲಾಕ್‌ನವರನ್ನು ಏನಂತ ಕರೆಯುತ್ತೀರಿ?

ಸಿಲ್ಕ್‌ಬೋರ್ಡ್ ಸಂತ್ರಸ್ತ:
"ಪಿಜಿ ಗಿರಾಕಿಗಳು." ಅಲ್ಲಿ ಬಾಡಿಗೆಯವರು ಜಾಸ್ತಿ. ನಾನೂ ನಗುವ ಇಮೋಜಿ ಹಾಕಿದ್ದೇನೆ.

ಕತ್ತರಿಗುಪ್ಪೆ ಕಿಟ್ಟಿ:
ಎಲ್ಲ ಒಪ್ಪಿದೆ. ಆದರೆ ನೀವೆಲ್ಲ ಸೈನಿಕ ಯಾಕೆ ಓಡಿಹೋಗಲ್ಲ ಅಂತ ಹೇಳಿದಿರಿ. ಯುದ್ಧ ಯಾಕೆ ಶುರುವಾಗುತ್ತೆ ಅಂತ ಒಬ್ಬರೂ ಹೇಳಲಿಲ್ಲ. ಅದನ್ನು ಶುರು ಮಾಡುವವನು ಎಸಿ ರೂಮಿನಲ್ಲಿ ಕೂತಿರುತ್ತಾನೆ. ಅವನ ಪಕ್ಕ ಉಪ್ಪಿನಕಾಯಿ ಹುಡುಗ ಇರಲ್ಲ. ಅವನಿಗೆ ಬೇಕಾಗಿರುವುದು ಜಮೀನು, ನೀರು, ಎಣ್ಣೆ. ಇದರಲ್ಲಿ ಮನಸ್ಸು ಗಿನಸ್ಸು ಏನಿಲ್ಲ, ಬರೀ ಲೆಕ್ಕ.

ಲ್ಯಾಬ್ ಕೋಟು:
ಈ ಏಟು ಚೆನ್ನಾಗಿ ಬಿತ್ತು ಕಿಟ್ಟಿ. ಅರ್ಧ ಒಪ್ಪುತ್ತೇನೆ. ಆದರೆ ಎಸಿ ರೂಮಿನವನಿಗೂ ನೋಡುವವರು ಇರುತ್ತಾರೆ, ಲಿಫ್ಟ್‌ನಿಂದ ಇಳಿದವರ ಹಾಗೆ. 1962ರ ಅಕ್ಟೋಬರ್ ತಗೊಳ್ಳಿ. ಕ್ಯೂಬಾದಲ್ಲಿ ಸೋವಿಯತ್ ಕ್ಷಿಪಣಿ, ಅಣುಯುದ್ಧ ಆಗಿಯೇ ಹೋಯಿತು ಅನ್ನುವ ಹಾಗಿತ್ತು. ಕೊನೆಗೆ ಸೋವಿಯತ್ ನಾಯಕ ಕ್ರುಶ್ಚೇವ್ ಕ್ಷಿಪಣಿ ವಾಪಸ್ ತಗೊಂಡ, ಅಮೆರಿಕದ ಅಧ್ಯಕ್ಷ ಕೆನಡಿ ಗೆದ್ದ ಅಂತ ಲೋಕ ಅಂದುಕೊಂಡಿತು. ಆದರೆ ಒಳಗೊಳಗೆ ಕೆನಡಿಯೂ ಟರ್ಕಿಯಲ್ಲಿದ್ದ ತನ್ನ ಕ್ಷಿಪಣಿ ತೆಗೆಯುತ್ತೇನೆ ಅಂತ ಒಪ್ಪಿದ್ದ, ಗುಟ್ಟಾಗಿ ಇಡಬೇಕು ಅನ್ನುವ ಷರತ್ತಿನ ಮೇಲೆ. 1963ರ ಏಪ್ರಿಲ್ ಹೊತ್ತಿಗೆ ತೆಗೆದೂ ಆಯಿತು. ಬರೀ ಲೆಕ್ಕವೇ ಆಗಿದ್ದರೆ ಗುಟ್ಟು ಯಾಕೆ?

ಶಾಸನ ಹುಚ್ಚ:
ಭರತ ಬಾಹುಬಲಿ ಕಥೆಯಲ್ಲಿ ಇದೇ ಅಲ್ವಾ? ಮಂತ್ರಿಗಳು ಸೈನ್ಯ ಸಾಯುವುದು ಬೇಡ, ಅಣ್ಣ ತಮ್ಮ ಇಬ್ಬರೇ ಹೋರಾಡಲಿ ಅಂದರು. ದೃಷ್ಟಿಯುದ್ಧ, ಜಲಯುದ್ಧ, ಮಲ್ಲಯುದ್ಧ. ಮೂರರಲ್ಲೂ ಭರತ ಸೋತ. ಸೋತದ್ದಕ್ಕಿಂತ ಅಷ್ಟು ಜನರ ಮುಂದೆ ಸೋತದ್ದು ತಡೆಯಲಾಗದೆ ತಮ್ಮನ ಮೇಲೇ ಚಕ್ರ ಬಿಟ್ಟ. ಗೆದ್ದವನು ಎಲ್ಲ ಬಿಟ್ಟು ನಡೆದ. ಅವನಿಗೆ 981ರಲ್ಲಿ ಶ್ರವಣಬೆಳಗೊಳದಲ್ಲಿ ಮೂರ್ತಿ ನಿಲ್ಲಿಸಿದವನು ಚಾವುಂಡರಾಯ. ಗಂಗರ ಸೇನಾಪತಿ! ಯುದ್ಧ ಮಾಡಿ ಮಾಡಿ ಸಾಕಾಗಿತ್ತೇನೋ.

ಮಲ್ಲೇಶ್ವರದ ಮೀನಾ:
ಶಾಸನ ಅವರೇ, ನೀವು ಎಲ್ಲಿಂದ ಹೊರಟರೂ ಕಲ್ಲಿಗೇ ಬಂದು ನಿಲ್ಲುತ್ತೀರಿ 😄

ಸಿಲ್ಕ್‌ಬೋರ್ಡ್ ಸಂತ್ರಸ್ತ:
ಒಂದು ನೆನಪಾಯಿತು. 2024ರ ಬೇಸಿಗೆಯಲ್ಲಿ ನಮ್ಮ ಬೋರ್‌ವೆಲ್ ಬತ್ತಿತ್ತು. ಆಗ ಎ, ಬಿ ಇಬ್ಬರೂ ಒಂದಾಗಿದ್ದೆವು. ರಾತ್ರಿ ಎರಡು ಗಂಟೆಗೆ ಟ್ಯಾಂಕರ್ ಬಂದರೆ ಬಿ ಬ್ಲಾಕ್ ಹುಡುಗರೇ ಇಳಿದು ಪೈಪ್ ಎಳೆಯುತ್ತಿದ್ದರು. ಈ ಹೆಲ್ಮೆಟ್ ಹುಡುಗನೂ ಇದ್ದ ಅನ್ನಿಸುತ್ತೆ.

ಲ್ಯಾಬ್ ಕೋಟು:
1954ರಲ್ಲಿ ಅಮೆರಿಕದ ಒಕ್ಲಹೋಮಾದಲ್ಲಿ ಮುಜಫರ್ ಶೆರೀಫ್ ಅನ್ನುವ ಮನಶ್ಶಾಸ್ತ್ರಜ್ಞ ಮಾಡಿದ್ದು ಹೆಚ್ಚುಕಡಿಮೆ ಇದೇ! 22 ಹುಡುಗರನ್ನು ಎರಡು ಗುಂಪು ಮಾಡಿ ಬೇಸಿಗೆ ಶಿಬಿರಕ್ಕೆ ಬಿಟ್ಟರು. ಪಂದ್ಯ ಇಟ್ಟದ್ದೇ ತಡ ಬಾವುಟ ಸುಟ್ಟುಕೊಂಡರು, ಒಬ್ಬರ ಕ್ಯಾಬಿನ್‌ಗೆ ಇನ್ನೊಬ್ಬರು ನುಗ್ಗಿದರು. ಒಟ್ಟಿಗೆ ಸಿನಿಮಾ ತೋರಿಸಿದರೂ, ಊಟ ಹಾಕಿದರೂ ರಾಜಿ ಆಗಲಿಲ್ಲ, ಊಟ ಎರಚಾಡಿದರು. ಆಮೇಲೆ ಪ್ರಯೋಗ ಮಾಡುವವರೇ ಬೇಕಂತಲೇ ನೀರಿನ ಟ್ಯಾಂಕ್ ಕೆಡಿಸಿದರು. ಬಾಯಾರಿಕೆ ಆದಾಗ ಹುಡುಗರೆಲ್ಲ ಸೇರಿ ಎಲ್ಲಿ ಕೆಟ್ಟಿದೆ ಅಂತ ಹುಡುಕಿದರು. ಅಂಥ ಕೆಲಸ ಮೂರು ನಾಲ್ಕು ಆದ ಮೇಲೆ ಮನೆಗೆ ಒಂದೇ ಬಸ್ಸಿನಲ್ಲಿ ಹೋದರು.

ಕತ್ತರಿಗುಪ್ಪೆ ಕಿಟ್ಟಿ:
ಟ್ಯಾಂಕರ್‌ನವನ ಜೊತೆ ಆ ತಿಂಗಳು ಎಷ್ಟು ಸಲ ಜಗಳ ಆಯಿತು, ಅದೂ ಹೇಳಿ.

ಸಿಲ್ಕ್‌ಬೋರ್ಡ್ ಸಂತ್ರಸ್ತ:
ದಿನಾ. ರೇಟ್ ಏರಿಸುತ್ತಿದ್ದ. ಎರಡೂ ಬ್ಲಾಕ್ ಸೇರಿ ಒಮ್ಮೆ ಅವನ ಲಾರಿಗೆ ಅಡ್ಡ ನಿಂತೆವು.

ಕತ್ತರಿಗುಪ್ಪೆ ಕಿಟ್ಟಿ:
ನೋಡಿ. ಒಂದಾದದ್ದು ನೀರಿಗಲ್ಲ, ಹೊಸ ವೈರಿ ಸಿಕ್ಕಿದ್ದಕ್ಕೆ.

ಲ್ಯಾಬ್ ಕೋಟು:
ತಮಾಷೆ ಏನು ಗೊತ್ತಾ? ಶೆರೀಫ್ 1953ರಲ್ಲೂ ಒಮ್ಮೆ ಇದೇ ಪ್ರಯೋಗ ಮಾಡಲು ಹೋಗಿದ್ದ. ಹುಡುಗರು ಹೊಡೆದಾಡಲೇ ಇಲ್ಲ. ದೊಡ್ಡವರು ತಮ್ಮನ್ನು ಆಡಿಸುತ್ತಿದ್ದಾರೆ ಅಂತ ಅನುಮಾನ ಬಂದು ಎರಡೂ ಗುಂಪು ಅವರ ಮೇಲೇ ತಿರುಗಿಬಿದ್ದವು. ಆ ಪ್ರಯೋಗ ಕೈಬಿಟ್ಟರು. ಇದು ಕಿಟ್ಟಿ ಪರವಾ, ನಮ್ಮ ಪರವಾ ಅಂತ ನನಗೂ ಹೇಳಲು ಬರಲ್ಲ.

ನಿವೃತ್ತ ಫೌಜಿ:
ಆ ಹೆಲ್ಮೆಟ್ ಏನಾಯಿತು?

ಸಿಲ್ಕ್‌ಬೋರ್ಡ್ ಸಂತ್ರಸ್ತ:
ಇನ್ನೂ ವಾಚ್‌ಮ್ಯಾನ್ ಟೇಬಲ್ ಮೇಲೇ ಇದೆ ಸರ್. ಹುಡುಗ ಕೇಳಲು ಬಂದಿಲ್ಲ, ಬಂದರೆ ಸೋತಂತೆ. ಅಂಕಲ್ ಕೊಟ್ಟು ಕಳಿಸುವುದಿಲ್ಲ, ಕಳಿಸಿದರೆ ಅವರು ಸೋತಂತೆ. ವಾಚ್‌ಮ್ಯಾನ್ ಅದರಲ್ಲಿ ಬೀಗದ ಕೈ ಹಾಕಿಟ್ಟಿದ್ದಾನೆ. ಹುಡುಗ ಮೂರು ದಿನದಿಂದ ಬರಿತಲೆಯಲ್ಲಿ ಬೈಕ್ ಓಡಿಸುತ್ತಿದ್ದಾನೆ, ಒಂದು ಸಲ 500 ರೂಪಾಯಿ ಫೈನ್ ಬಿತ್ತಂತೆ.

ನಿವೃತ್ತ ಫೌಜಿ:
ವಾಚ್‌ಮ್ಯಾನ್ ಕೈಯಲ್ಲೇ ಕಳಿಸಿ. ಟೇಬಲ್ ಕ್ಲೀನ್ ಮಾಡಬೇಕಿತ್ತು, ತಗೊಳ್ಳಿ ಅನ್ನಲಿ. ಬೆಳಗ್ಗೆ ಆರಕ್ಕೆ, ಲಿಫ್ಟ್ ಹತ್ತಿರ ಯಾರೂ ಇಲ್ಲದಾಗ.

ಸಿಲ್ಕ್‌ಬೋರ್ಡ್ ಸಂತ್ರಸ್ತ:
ಹಾಗೇ ಮಾಡಿದೆವು ಸರ್, ಇವತ್ತು ಬೆಳಗ್ಗೆ. ಹುಡುಗ ತಗೊಂಡನಂತೆ. ಆದರೆ ಅವನ ತಲೆ ಮೇಲೆ ಆಗಲೇ ಹೊಸದೊಂದು ಇತ್ತಂತೆ, ಹಳೆಯದಕ್ಕಿಂತ ದುಬಾರಿಯದು.