ಸಹಾಯ ಬೇಕು: ಹಳೇ ಜಪಾನಿ ಮೂಕಿಚಿತ್ರದ ಬರಹ ಓದಬಲ್ಲವರು ಇದ್ದೀರಾ?

ಎಲ್ಲರಿಗೂ ನಮಸ್ಕಾರ. ಜಪಾನಿ ನಿರ್ದೇಶಕ ಕೆಂಜಿ ಮಿಜೋಗುಚಿ 1929ರಲ್ಲಿ ಮಾಡಿದ ‘ಟೋಕಿಯೋ ಮಾರ್ಚ್’ ಚಿತ್ರದ ಬಗ್ಗೆ ಕೇಳಬೇಕಿತ್ತು. ಪೂರ್ತಿ ಸಿನಿಮಾ ಉಳಿದಿಲ್ಲ. ಈಗ ಸಿಗುವುದು ಅರ್ಧ ಗಂಟೆಗೂ ಕಡಿಮೆ ಇರುವ ತುಣುಕು.

ಗುಡ್ಡದ ಮೇಲಿನ ಬಂಗಲೆಯಲ್ಲಿ ಶ್ರೀಮಂತ ಹುಡುಗರು ಟೆನಿಸ್ ಆಡುತ್ತಿರುತ್ತಾರೆ. ಚೆಂಡು ಕೆಳಗಿನ ಬಡವರ ಕೇರಿಗೆ ಬೀಳುತ್ತದೆ. ಇಣುಕಿ ನೋಡಿದ ಅವರಲ್ಲೊಬ್ಬ ಯೋಶಿಕಿಗೆ ಕೇರಿಯ ಹುಡುಗಿ ಮಿಚಿಯೋ ಕಾಣುತ್ತಾಳೆ. ಊರಿನ ಮೇಲು–ಕೆಳಗು ಎಲ್ಲ ಆ ಒಂದೇ ದೃಶ್ಯದಲ್ಲಿ ಬಂದುಬಿಟ್ಟಿದೆ, ಎಷ್ಟು ಚೆಂದ ಅಲ್ವಾ! ಆಮೇಲೆ ಅವಳು ಗೇಶಾ (ಹಾಡು, ಕುಣಿತ, ಮಾತಿನಿಂದ ಅತಿಥಿಗಳನ್ನು ರಂಜಿಸುವವಳು) ಆಗುತ್ತಾಳೆ. ಅವನು ಮದುವೆಗೂ ಸಿದ್ಧ. ಆದರೆ ಇಬ್ಬರಿಗೂ ಅಪ್ಪ ಒಬ್ಬನೇ ಎಂದು ಗೊತ್ತಾಗುತ್ತದೆ.

ನಮ್ಮ ಸಣ್ಣ ಸಿನಿಮಾ ಬಳಗದಲ್ಲಿ ಇದನ್ನು ತೋರಿಸಬೇಕು ಅಂತ ಆಸೆ. ಆಗ ಜಪಾನಿನಲ್ಲಿ ‘ಬೆನ್ಶಿ’ ಎನ್ನುವವರು ಪರದೆ ಪಕ್ಕ ನಿಂತು ಕಥೆ, ಸಂಭಾಷಣೆ ಎಲ್ಲ ಹೇಳುತ್ತಿದ್ದರು. ಹಾಗೇ ಕನ್ನಡದಲ್ಲಿ ಹೇಳಿಸುವ ಯೋಚನೆ. ಅದಕ್ಕೆ ಮಧ್ಯೆ ಮಧ್ಯೆ ಬರುವ ಜಪಾನಿ ಬರಹದ ಅರ್ಥ ಬೇಕು. ಮೊಬೈಲ್ ಆ್ಯಪ್‌ಗೆ ಹಾಕಿದರೆ ಏನೇನೋ ಬರುತ್ತದೆ, ಹಳೇ ಲಿಪಿ ಬೇರೆ. ಜಪಾನಿನಲ್ಲಿರುವ ಕನ್ನಡಿಗರು, ಜಪಾನಿ ಕಲಿತವರು ಯಾರಾದರೂ ಓದಿ ಹೇಳ್ತೀರಾ? ಒಂದೊಂದು ಬರಹದ ಫೋಟೋ ಕಳಿಸುತ್ತೇನೆ. ಸುಮಾರಾಗಿ ಅರ್ಥವಾದರೂ ಸಾಕು.

ಕಥೆ ಕಿಕುಚಿ ಕಾನ್ ಅವರ ಕಾದಂಬರಿಯದು. ಅದನ್ನು ಓದಿದವರಿದ್ದರೆ ಕಳೆದುಹೋದ ಭಾಗದ ಕಥೆಯನ್ನೂ ಹೇಳಿ. ಇಲ್ಲೇ ಕಾಮೆಂಟ್ ಹಾಕಿದರೂ ಆಯ್ತು, ಮೆಸೇಜ್ ಮಾಡಿದರೂ ಆಯ್ತು.