ಸ್ತಾನ್ಯೋನೆ ಹಿನ್ನೀರು, ಮೊತ್ಸಿಯಾ ದ್ವೀಪ, ಉಪ್ಪಿನಾಗರ: ಒಂದೇ ದಿನದಲ್ಲಿ ಹೇಗೆ? ಗೊತ್ತಿದ್ದವರು ಹೇಳಿ

ಪ್ರಶ್ನೆ

ಆಗಸ್ಟ್ ಕೊನೆಯ ವಾರ ಇಟಲಿಯ ಸಿಸಿಲಿ ದ್ವೀಪಕ್ಕೆ ಹೋಗುವವರಿದ್ದೇವೆ. ಉಳಿಯುವುದು ಪಲೆರ್ಮೊದಲ್ಲಿ, ಬಾಡಿಗೆ ಕಾರು ಇರುತ್ತದೆ. ಪಶ್ಚಿಮ ತೀರದಲ್ಲಿ ಮಾರ್ಸಾಲಾ ಪಕ್ಕದ ಸ್ತಾನ್ಯೋನೆ ಹಿನ್ನೀರಿನ ಉಪ್ಪಿನಾಗರಗಳಿಗೂ ಅದರ ನಡುವೆ ಇರುವ ಮೊತ್ಸಿಯಾ ದ್ವೀಪಕ್ಕೂ ಸೇರಿ ಒಂದು ದಿನ ಇಟ್ಟುಕೊಂಡಿದ್ದೇವೆ. ಜೊತೆಗೆ ಮಂಡಿನೋವಿರುವ ಅಮ್ಮ, ಒಂಬತ್ತು ವರ್ಷದ ಮಗಳು. ಮೊದಲು ಯಾವುದಕ್ಕೆ ಹೋಗಬೇಕು? ಉಪ್ಪಿನ ಪಾತಿಗಳ ಒಳಗೆ ಇಳಿಯಲು ಬಿಡುತ್ತಾರಾ? ಅಮ್ಮನಿಗೆ ಎಷ್ಟು ನಡಿಗೆ ಬೀಳುತ್ತದೆ? ಹುಡುಕಿದರೆ ಸೂರ್ಯಾಸ್ತದ ಫೋಟೊಗಳೇ ಸಿಗುತ್ತವೆ, ಕೆಲಸಕ್ಕೆ ಬರುವ ಮಾಹಿತಿ ಸಿಗುತ್ತಿಲ್ಲ.

ಉತ್ತರ

ಮೊದಲು ದಾರಿ. ಪಲೆರ್ಮೊದಿಂದ ಎ29 ಹೆದ್ದಾರಿ ಹಿಡಿದು, ತ್ರಾಪನಿ ಕಡೆಗೆ ಹೋಗುವ ಕವಲಿಗೆ ತಿರುಗಿ, ಬಿರ್ಜಿ ವಿಮಾನ ನಿಲ್ದಾಣದ ಹತ್ತಿರ ಇಳಿಯಿರಿ. ಅಲ್ಲಿಂದ ದಕ್ಷಿಣಕ್ಕೆ ಹಿನ್ನೀರಿನ ದಂಡೆಗುಂಟ ಎಸ್‌ಪಿ21 ರಸ್ತೆ ಇದೆ. ತ್ರಾಪನಿಯಿಂದ ಮಾರ್ಸಾಲಾವರೆಗಿನ ಈ ದಾರಿಗೆ ‘ಉಪ್ಪಿನ ದಾರಿ’ ಎಂದೇ ಹೆಸರು. ಬೆಳಿಗ್ಗೆ ಏಳಕ್ಕೆ ಹೊರಟರೆ ಒಂಬತ್ತರ ಒಳಗೆ ದಂಡೆಯಲ್ಲಿರುತ್ತೀರಿ. ಪಲೆರ್ಮೊ ಹಳೇ ಊರಿನೊಳಗೆ ವಾಹನ ನಿರ್ಬಂಧದ ವಲಯ ಇದೆ. ‘ಝೆಡ್‌ಟಿಎಲ್’ ಫಲಕ ಕಂಡ ಕಡೆ ಕಾರು ನುಗ್ಗಿಸಬೇಡಿ. ದಂಡದ ಚೀಟಿ ಬಾಡಿಗೆ ಕಂಪನಿಯ ಮೂಲಕ ತಿಂಗಳುಗಳಾದ ಮೇಲೆ ಬರುತ್ತದೆ, ಜೊತೆಗೆ ಅವರ ಶುಲ್ಕವೂ ಸೇರಿರುತ್ತದೆ.

ದ್ವೀಪಕ್ಕೆ ಹೋಗುವ ದೋಣಿಗಳಿಗೆ ಒಂದೇ ರಸ್ತೆಯಲ್ಲಿ ಎರಡು ಕಟ್ಟೆಗಳಿವೆ. ಒಂದು ಎತ್ತೋರೆ–ಇನ್ಫೆರ್ಸಾ ಉಪ್ಪಿನಾಗರದ ಗಾಳಿಗಿರಣಿ ಪಕ್ಕ, ಇನ್ನೊಂದು ಸ್ವಲ್ಪ ದೂರದಲ್ಲಿ. ನಡೆಸುವವರು ಬೇರೆ ಬೇರೆ, ಹಾಗಾಗಿ ಒಬ್ಬರ ವಾಪಸ್ ಟಿಕೆಟ್ ಇನ್ನೊಬ್ಬರ ದೋಣಿಯಲ್ಲಿ ನಡೆಯುವುದಿಲ್ಲ. ಬಹಳ ಜನ ಎಡವುವುದು ಇಲ್ಲೇ: ಮರಳುವಾಗ ಎದುರಿಗೆ ಬಂದ ದೋಣಿ ಹತ್ತಲು ಹೋಗುತ್ತಾರೆ, ಅಥವಾ ಕಾರು ಒಂದು ಕಟ್ಟೆಯಲ್ಲಿ ಬಿಟ್ಟು ಇನ್ನೊಂದರಲ್ಲಿ ಇಳಿಯುತ್ತಾರೆ. ನಿಮಗೆ ಗಿರಣಿ ಪಕ್ಕದ ಕಟ್ಟೆಯೇ ಸರಿ, ಉಪ್ಪಿನಾಗರವೂ ಅಲ್ಲೇ ಇರುವುದರಿಂದ ಕಾರು ಮತ್ತೆ ತೆಗೆಯಬೇಕಿಲ್ಲ. ಇನ್ನೊಂದು ಮಾತು, ದೋಣಿಯ ಟಿಕೆಟ್ ಬೇರೆ, ದ್ವೀಪದ ಪ್ರವೇಶ ಟಿಕೆಟ್ ಬೇರೆ.

ದೋಣಿ ಪ್ರಯಾಣ ಹತ್ತು ನಿಮಿಷದ್ದು. ನೀರು ಹೆಚ್ಚಿನ ಕಡೆ ಒಂದೆರಡು ಮೀಟರಿಗಿಂತ ಆಳವಿಲ್ಲ, ಆದ್ದರಿಂದ ದೋಣಿಗಳು ಚಪ್ಪಟೆ ತಳದವು. ಕಟ್ಟೆಯಿಂದ ದೋಣಿಗೆ ಒಂದು ಮೆಟ್ಟಿಲು ಇಳಿಯಬೇಕಾಗುತ್ತದೆ. ನಿಮ್ಮ ತಾಯಿಯವರಿಗೆ ಕೈ ಹಿಡಿದು ಇಳಿಸಿ ಅಂತ ದೋಣಿಯವರಿಗೆ ಮೊದಲೇ ಹೇಳಿಬಿಡಿ. ದ್ವೀಪ ಪೂರ್ತಿ ಸಮತಟ್ಟು, ಮಣ್ಣು ಮತ್ತು ಜಲ್ಲಿಯ ದಾರಿ. ಸುತ್ತು ಹಾಕಿದರೆ ಎರಡೂವರೆ ಕಿಲೊಮೀಟರ್ ಆಸುಪಾಸು, ನೆರಳು ಕಡಿಮೆ. ತಾಯಿಯವರು ಕಟ್ಟೆಯಿಂದ ಹತ್ತಿರವೇ ಇರುವ ವಸ್ತುಸಂಗ್ರಹಾಲಯ ನೋಡಿ, ಅದರ ಮುಂದಿನ ಮರಗಳ ನೆರಳಲ್ಲಿ ಕೂತಿರಲಿ. ನೀವೂ ಮಗಳೂ ಸುತ್ತಿ ಬನ್ನಿ.

ಇನ್ನೊಂದು ಉತ್ತರ

ದ್ವೀಪದ ಬಗ್ಗೆ ಚಿಕ್ಕದಾಗಿ, ಏನನ್ನು ನೋಡುತ್ತಿದ್ದೇವೆ ಅಂತ ಗೊತ್ತಿದ್ದರೆ ಚೆನ್ನ. ಇದು ಫಿನೀಷಿಯನ್ನರ, ಅಂದರೆ ಈಗಿನ ಲೆಬನಾನ್ ತೀರದಿಂದ ಬಂದ ಪ್ರಾಚೀನ ಕಡಲ ವ್ಯಾಪಾರಿಗಳ ಊರು. ಕ್ರಿ.ಪೂ. 8ನೇ ಶತಮಾನದ ನೆಲೆ, ಕ್ರಿ.ಪೂ. 397ರಲ್ಲಿ ಸಿಸಿಲಿಯದ್ದೇ ಗ್ರೀಕ್ ನಗರ ಸಿರಕ್ಯೂಸಿನ ದೊರೆ ಡಯೊನೀಷಿಯಸ್ ಮುತ್ತಿಗೆ ಹಾಕಿ ಹಾಳುಗೆಡವಿದ. ಉಳಿದವರು ಈಗ ಮಾರ್ಸಾಲಾ ಇರುವ ಜಾಗಕ್ಕೆ ಹೋಗಿ ನೆಲೆಸಿದರು. ಮಾರ್ಸಾಲಾ ವೈನಿನ ವ್ಯಾಪಾರಿ ಮನೆತನದ ಜೋಸೆಫ್ ವಿಟೇಕರ್ ದ್ವೀಪವನ್ನೇ ಕೊಂಡು ಉತ್ಖನನ ಮಾಡಿಸಿದ. ಸಂಗ್ರಹಾಲಯದಲ್ಲಿ 1979ರಲ್ಲಿ ಸಿಕ್ಕ ಅಮೃತಶಿಲೆಯ ಯುವಕನ ಪ್ರತಿಮೆ ಇದೆ. ಮುಂದೆ ಮಾತ್ರ ನೋಡಿ ಬರಬೇಡಿ, ಹಿಂದೆಯೂ ಹೋಗಿ ಸುತ್ತು ಹಾಕಿ. ತೆಳು ಬಟ್ಟೆಯ ನೆರಿಗೆಗಳು ಮೈಗೆ ಅಂಟಿದ ರೀತಿ ಹಿಂಬದಿಯಲ್ಲಿ ಇನ್ನೂ ಸ್ಪಷ್ಟ.

ದಕ್ಷಿಣ ತುದಿಯಲ್ಲಿ ಆಯತಾಕಾರದ ಒಂದು ಕೊಳ ಇದೆ. ಹಳೆಯ ಪುಸ್ತಕಗಳಲ್ಲಿ ಇದನ್ನು ಬಂದರು ಅಂತ ಬರೆದಿರುತ್ತಾರೆ. ರೋಮಿನ ಸಪಿಯೆಂಜಾ ವಿಶ್ವವಿದ್ಯಾಲಯದ ತಂಡ ನೀರು ಬತ್ತಿಸಿ ಅಗೆದಾಗ ಅದು ಸಮುದ್ರಕ್ಕೆ ಸೇರುತ್ತಿರಲಿಲ್ಲ, ಸಿಹಿನೀರಿನ ಒರತೆಯಿಂದ ತುಂಬುತ್ತಿದ್ದ ದೇವಾಲಯದ ಪುಷ್ಕರಣಿ ಅಂತ ತಿಳಿಯಿತು. 2022ರಲ್ಲಿ ಇದು ಪ್ರಕಟವಾಗಿದೆ. ಉತ್ತರ ಬಾಗಿಲಿನಿಂದ ಬಿರ್ಜಿ ಕಡೆಗೆ ನೀರಿನಡಿ ಪುರಾತನ ರಸ್ತೆ ಇದೆ, ಇಪ್ಪತ್ತನೇ ಶತಮಾನದಲ್ಲೂ ಗಾಡಿಗಳು ಅದರ ಮೇಲೆ ಓಡಾಡುತ್ತಿದ್ದವು. ದಡದಿಂದ ನೋಡಿ ಸಾಕು. ಕಲ್ಲುಗಳಿಗೆ ಪಾಚಿ ಕಟ್ಟಿದೆ, ಕಾಲು ಜಾರಿದರೆ ಚೂಪು ಚಿಪ್ಪುಗಳ ಮೇಲೆ ಬೀಳುತ್ತೀರಿ. ರಸ್ತೆಯೂ ಹಾಳಾಗುತ್ತದೆ.

ಮತ್ತೊಂದು ಉತ್ತರ

ಉಪ್ಪಿನಾಗರವನ್ನು ನೀರು ಹರಿಯುವ ಕ್ರಮದಲ್ಲೇ ನೋಡಿ, ಹಿನ್ನೀರಿನ ತೂಬಿನಿಂದ ಶುರುಮಾಡಿ ಉಪ್ಪಿನ ರಾಶಿಯವರೆಗೆ. ಹೆಚ್ಚಿನವರು ಸೀದಾ ಬಿಳಿ ರಾಶಿಯ ಮುಂದೆ ಹೋಗಿ ನಿಲ್ಲುತ್ತಾರೆ. ಹಿಂದಿರುವ ಹತ್ತಾರು ಪಾತಿಗಳು ಅವರಿಗೆ ಬರೀ ಕೆರೆಗಳಂತೆ ಕಾಣುತ್ತವೆ.

ಮಗಳಿಗೆ ಬಕೆಟ್ ಲೆಕ್ಕದಲ್ಲಿ ಹೇಳಿ. ಹತ್ತು ಲೀಟರಿನ ಒಂದು ಬಕೆಟ್ ಸಮುದ್ರದ ನೀರಿನಲ್ಲಿ ಸುಮಾರು 350 ಗ್ರಾಂ ಲವಣಗಳಿರುತ್ತವೆ, ಅದರಲ್ಲಿ ಅಡುಗೆ ಉಪ್ಪು 270 ಗ್ರಾಂ. ನೀರು ಆವಿಯಾಗಿ ಹೆಚ್ಚುಕಡಿಮೆ ಎರಡು ಲೀಟರಿಗೆ ಇಳಿದಾಗ ಜಿಪ್ಸಮ್ ಎಂಬ ಕ್ಯಾಲ್ಸಿಯಂ ಲವಣ ತಳಕ್ಕೆ ಕೂರುತ್ತದೆ. ಒಂದು ಲೀಟರಿಗೆ ಇಳಿದ ಮೇಲಷ್ಟೇ ಉಪ್ಪು ಹರಳುಗಟ್ಟುವುದು. ಇನ್ನೂ ಇಂಗಲು ಬಿಟ್ಟರೆ ಮೆಗ್ನೀಸಿಯಂ ಲವಣಗಳು ಸೇರಿಕೊಂಡು ಉಪ್ಪು ಕಹಿಯಾಗುತ್ತದೆ, ಗಾಳಿಯ ತೇವ ಹೀರಿ ಸದಾ ಒದ್ದೆಯಾಗಿರುತ್ತದೆ. ಇಷ್ಟೊಂದು ಪಾತಿಗಳು ಯಾಕೆ ಅನ್ನುವುದಕ್ಕೆ ಉತ್ತರ ಇದೇ: ಜಿಪ್ಸಮ್ಮನ್ನು ಒಂದು ಪಾತಿಯಲ್ಲಿ ಬಿಟ್ಟು, ರಸವನ್ನು, ಅಂದರೆ ಉಳಿದ ಗಟ್ಟಿ ಉಪ್ಪುನೀರನ್ನು, ಮುಂದಿನದಕ್ಕೆ ದಾಟಿಸಿ, ಉಪ್ಪನ್ನು ಅಲ್ಲಿ ಕೂರಿಸಿ, ಕಹಿ ನೀರನ್ನು ಸಮಯಕ್ಕೆ ಸರಿಯಾಗಿ ಹೊರಬಿಡಬೇಕು.

ರಸದ ಸಾಂದ್ರತೆಯನ್ನು ಬೋಮೆ ಡಿಗ್ರಿಯಲ್ಲಿ ಅಳೆಯುತ್ತಾರೆ. ಸಮುದ್ರದ ನೀರು ಮೂರೂವರೆ ಡಿಗ್ರಿ, ಉಪ್ಪು ಕೂರಲು ಶುರುವಾಗುವುದು ಇಪ್ಪತ್ತೈದರಿಂದ ಇಪ್ಪತ್ತಾರರ ನಡುವೆ, ಇಪ್ಪತ್ತೊಂಬತ್ತು–ಮೂವತ್ತು ದಾಟುವ ಮುಂಚೆ ಉಳಿದ ನೀರು ಹೊರಗೆ ಹೋಗಬೇಕು. ಮೊದಲ ದೊಡ್ಡ ಪಾತಿಯನ್ನು ಅಲ್ಲಿನವರು ‘ಫ್ರೆದ್ದಾ’, ಅಂದರೆ ತಣ್ಣನೆಯದು, ಅನ್ನುತ್ತಾರೆ. ಮುಂದೆ ಹೋದಂತೆ ಪಾತಿಗಳು ಚಿಕ್ಕದಾಗುತ್ತವೆ, ನೀರಿನ ಆಳ ಕಡಿಮೆಯಾಗುತ್ತದೆ, ನೀರು ಬಿಸಿಯಾಗುತ್ತದೆ. ನಡುವಿನದಕ್ಕೆ ‘ಕಾಲ್ದಾ’, ಬಿಸಿಯದು, ಎಂಬ ಹೆಸರು ಬಂದದ್ದು ಅದಕ್ಕೇ.

ಮೆಡಿಟರೇನಿಯನ್ನಿನಲ್ಲಿ ಭರತ ಇಳಿತ ತೀರಾ ಕಡಿಮೆ. ದೊಡ್ಡ ಭರತ ಬರುವ ತೀರಗಳಂತೆ ಇಲ್ಲಿ ಸಮುದ್ರವೇ ಪಾತಿಗಳನ್ನೆಲ್ಲ ತುಂಬಿಸಿಕೊಡುವುದಿಲ್ಲ. ಗಾಳಿಗಿರಣಿ ಬೇಕಾದದ್ದು ಇಲ್ಲೇ. ಓರೆಯಾಗಿ ಇಟ್ಟ ಕೊಳವೆಯೊಳಗೆ ಮರದ ಆರ್ಕಿಮಿಡೀಸ್ ತಿರುಪು ಸುತ್ತುತ್ತಾ ನೀರನ್ನು ಒಂದು ಪಾತಿಯಿಂದ ಎತ್ತರದ ಇನ್ನೊಂದಕ್ಕೆ ಏರಿಸುತ್ತದೆ. ಈಗ ಪಂಪುಗಳಿವೆ. ಆದರೆ ಗಿರಣಿಯ ಒಳಗೆ ಹಲ್ಲುಚಕ್ರಗಳನ್ನೂ ಉಪ್ಪು ಬೀಸುವ ಕಲ್ಲುಗಳನ್ನೂ ನೋಡದೆ ಬರಬೇಡಿ. ಮೇಲಕ್ಕೆ ಮೆಟ್ಟಿಲು ಇದೆ, ಮಂಡಿನೋವಿನವರಿಗೆ ಕಷ್ಟ.

ಹರಳು ಕೂರುವ ಪಾತಿಯ ಅಂಚಿನಲ್ಲಿ ಬಗ್ಗಿ ನೋಡಿ. ಗಾಳಿಯಿಲ್ಲದ ಹೊತ್ತಿನಲ್ಲಿ ನೀರಿನ ಮೇಲೆ ತೆಳ್ಳಗೆ ಕೆನೆಯಂತೆ ಹರಳುಗಳು ತೇಲುತ್ತಿರುತ್ತವೆ. ಮಾರ್ಗದರ್ಶಿ ಒಪ್ಪಿದರೆ ಒಂದನ್ನು ಬೆರಳ ತುದಿಗೆ ತೆಗೆದುಕೊಳ್ಳಿ: ತಲೆಕೆಳಗಾದ ಪುಟ್ಟ ಪಿರಮಿಡ್ಡು, ಒಳಗೆ ಟೊಳ್ಳು, ನಾಲ್ಕೂ ಬದಿಗೆ ಮೆಟ್ಟಿಲು ಮೆಟ್ಟಿಲು. ಅಂಚು ನೀರಿನ ಮಟ್ಟದಲ್ಲಿ ಬೆಳೆಯುತ್ತಾ, ಭಾರಕ್ಕೆ ನಡು ಇಳಿಯುತ್ತಾ ಹೋಗುವುದರಿಂದ ಆ ಆಕಾರ. ಗಾಳಿ ಎದ್ದ ತಕ್ಷಣ ಮುಳುಗಿ ತಳದ ದಪ್ಪ ಉಪ್ಪಿನೊಳಗೆ ಸೇರಿಹೋಗುತ್ತವೆ. ಮುಳುಗುವ ಮುಂಚೆ ಜಾಲರಿಯಿಂದ ಕೆನೆಗಟ್ಟಿ ತೆಗೆದದ್ದೇ ಅಂಗಡಿಯಲ್ಲಿ ದುಬಾರಿಯಾಗಿ ಮಾರುವ ‘ಉಪ್ಪಿನ ಹೂವು’.

ನೀವು ಹೋಗುವ ಕಾಲ ಚೆನ್ನಾಗಿದೆ. ಕೊಯ್ಲು ಜುಲೈಯಿಂದ ಸೆಪ್ಟೆಂಬರ್‌ವರೆಗೆ. ಗಟ್ಟಿಯಾದ ಪದರವನ್ನು ಒಡೆದು, ಸಾಲು ಸಾಲು ಸಣ್ಣ ಗುಡ್ಡೆ ಮಾಡಿ, ನೀರು ಬಸಿಯಲು ಬಿಟ್ಟು, ಆಮೇಲೆ ಬದುವಿನ ಮೇಲೆ ಉದ್ದನೆಯ ರಾಶಿ ಹಾಕುತ್ತಾರೆ. ಆಗಸ್ಟ್ ಕೊನೆಗೆ ರಾಶಿಗಳು ಇನ್ನೂ ಬೆತ್ತಲೆ ಬಿಳಿ. ಮಳೆಗಾಲ ಹತ್ತಿರವಾದಾಗ ಅವುಗಳ ಮೇಲೆ ಮನೆ ಮಾಡಿಗೆ ಹೊದಿಸಿದಂತೆ ಸುಟ್ಟ ಮಣ್ಣಿನ ಹೆಂಚುಗಳನ್ನು ಒಂದರ ಮೇಲೊಂದು ಹೊದಿಸುತ್ತಾರೆ. ನೀರು ಜಾರಿ ಹೋಗುತ್ತದೆ, ಸಂದಿಯಲ್ಲಿ ಗಾಳಿಯಾಡಿ ಉಪ್ಪು ಒಣಗುತ್ತಾ ಇರುತ್ತದೆ.

ಇನ್ನೊಂದು ಉತ್ತರ

ಕೊಯ್ಲಿನ ಕೆಲಸ ನೋಡಬೇಕಾದರೆ ಬೆಳಿಗ್ಗೆಯೇ ಹೋಗಿ, ಬಿಸಿಲೇರಿದ ಮೇಲೆ ಪಾತಿಯಲ್ಲಿ ಯಾರೂ ಇರುವುದಿಲ್ಲ. ಪಾತಿಗಳ ಗುಲಾಬಿ, ಇಟ್ಟಿಗೆ ಬಣ್ಣ ಚೆನ್ನಾಗಿ ಕಾಣುವುದು ಸೂರ್ಯ ಎತ್ತರದಲ್ಲಿದ್ದಾಗ. ಸಂಜೆಯ ಓರೆ ಬೆಳಕಿನಲ್ಲಿ ನೀರು ಆಕಾಶವನ್ನೇ ತೋರಿಸುತ್ತದೆ, ತನ್ನ ಬಣ್ಣವನ್ನಲ್ಲ. ಆ ಬಣ್ಣ ದುನಾಲಿಯೆಲ್ಲಾ ಎಂಬ ಸೂಕ್ಷ್ಮ ಪಾಚಿಯದ್ದು ಮತ್ತು ಉಪ್ಪಿನಲ್ಲೇ ಬದುಕುವ ಇನ್ನೂ ಸಣ್ಣ ಜೀವಿಗಳದ್ದು. ಕ್ಯಾಮೆರಾಗೆ ಪೋಲರೈಸರ್ ಫಿಲ್ಟರ್ (ನೀರಿನ ಪ್ರತಿಫಲನ ಕಡಿಮೆ ಮಾಡುವ ಗಾಜು) ಇದ್ದರೆ ಮಧ್ಯಾಹ್ನ ಹಾಕಿ, ಸಂಜೆ ತೆಗೆಯಿರಿ.

ಹಾಗಾಗಿ ನನ್ನ ಸಲಹೆ: ಒಂಬತ್ತಕ್ಕೆ ಉಪ್ಪಿನಾಗರ ಒಂದು ಗಂಟೆ, ಹತ್ತೂಕಾಲರ ಹೊತ್ತಿಗೆ ದೋಣಿ, ದ್ವೀಪದಲ್ಲಿ ಎರಡೂವರೆ ಗಂಟೆ, ವಾಪಸ್ ಬಂದು ಊಟ, ಮಾರ್ಸಾಲಾದಲ್ಲಿ ವಿಶ್ರಾಂತಿ, ಆರೂವರೆಗೆ ಮತ್ತೆ ಗಿರಣಿ ಬಳಿ. ಆ ವಾರ ಸೂರ್ಯ ಮುಳುಗುವುದು ಏಳೂಮುಕ್ಕಾಲರ ಆಸುಪಾಸು. ತ್ರಾಪನಿ ಕಡೆಯ ನೂಬಿಯಾದಲ್ಲಿ ಉಪ್ಪಿನ ಸಂಗ್ರಹಾಲಯ ಇದೆ, ಸಲಕರಣೆಗಳು ಅಲ್ಲಿ ಹೆಚ್ಚು. ಆದರೆ ವಯಸ್ಸಾದವರನ್ನು ಕರೆದುಕೊಂಡು ಎರಡನ್ನೂ ಒಂದೇ ದಿನ ತುರುಕಬೇಡಿ.

ಡ್ರೋನ್ ತರಲೇಬೇಡಿ. ಇದು ಸಂರಕ್ಷಿತ ಪ್ರದೇಶ, ಮೇಲಾಗಿ ಬಿರ್ಜಿಯದ್ದು ವಾಯುಪಡೆಯೂ ಬಳಸುವ ನಿಲ್ದಾಣ. ರಾಜಹಂಸಗಳನ್ನು ಕಂಡರೆ ಬದುವಿನ ಮೇಲೆ ಅವುಗಳ ಕಡೆ ನಡೆಯಬೇಡಿ. ಹಿಂಡು ತಲೆ ಎತ್ತಿ ಒಟ್ಟಿಗೆ ಸರಿಯತೊಡಗಿತೆಂದರೆ ಆಗಲೇ ತೀರಾ ಹತ್ತಿರ ಹೋಗಿದ್ದೀರಿ ಅಂತ ಅರ್ಥ. ದುರ್ಬೀನು ಇರಲಿ, ಮೆಟ್ಟುಗಾಲು ಹಕ್ಕಿಗಳು ರಸ್ತೆ ಬದಿಯ ಪಾತಿಯಲ್ಲೇ ಸಿಗುತ್ತವೆ.

ಕೇಳಿದವರು

ತುಂಬಾ ಉಪಕಾರವಾಯಿತು. ಪಾತಿಗೆ ಇಳಿಯುವ ವಿಷಯ ಯಾರೂ ಹೇಳಲಿಲ್ಲ. ಗಾಳಿ ಮಳೆ ಬಂದರೆ ಏನು ಮಾಡುವುದು?

ಉತ್ತರ

ಮಾರ್ಗದರ್ಶಿ ಇಲ್ಲದೆ ಇಳಿಯುವಂತಿಲ್ಲ. ಅಲ್ಲಿರುವುದು ತಿನ್ನುವ ಉಪ್ಪು, ಅಡಿಯಲ್ಲಿರುವುದು ಹದ ಮಾಡಿ ಮಟ್ಟಸ ಮಾಡಿದ ಜೇಡಿಮಣ್ಣು. ಒಂದು ಹೆಜ್ಜೆ ಆಳಕ್ಕೆ ಹೂತರೂ ಕೆಸರು ಮೇಲೆ ಬಂದು ಆ ಜಾಗದ ಉಪ್ಪು ಕೊಳೆಯಾಗುತ್ತದೆ. ಕೊಯ್ಲಿನ ಕಾಲದಲ್ಲಿ ಕೆಲವು ಭೇಟಿಗಳಲ್ಲಿ ರಬ್ಬರ್ ಬೂಟು ಹಾಕಿಸಿ ಇಳಿಸುತ್ತಾರೆ, ಮುಂಚಿತವಾಗಿ ಕಾಯ್ದಿರಿಸಿ. ಪಾಳುಬಿದ್ದ ಪಾತಿಗಳ ಬಿಳಿ ಪದರವನ್ನು ಮಾತ್ರ ನಂಬಬೇಡಿ. ಮೇಲೆ ಗಟ್ಟಿ, ಕೆಳಗೆ ಮೊಣಕಾಲುದ್ದ ಕೆಸರು ಇರಬಹುದು.

ಮಗಳು ಬೆರಳದ್ದಿ ರುಚಿ ನೋಡುವುದಾದರೆ ಮೊದಲ ಪಾತಿಯದ್ದು ಸಾಕು. ಕೊನೆಯ ಪಾತಿಯ ಕಹಿ ನೀರು ಹೊಟ್ಟೆ ಕೆಡಿಸುತ್ತದೆ. ಕಾಲಲ್ಲಿ ಗಾಯ ಇದ್ದರೆ ಪಟ್ಟಿ ಹಾಕಿ, ಚರ್ಮದ ಚಪ್ಪಲಿ ಬೇಡ. ಬಿಸಿಲು ನೆಲದಿಂದಲೂ ಬಡಿಯುತ್ತದೆ. ಟೋಪಿ ಹಾಕಿದ್ದರೂ ಗದ್ದದ ಕೆಳಗೆ, ಮೂಗಿನ ಅಡಿಗೆ ಸುಡುವುದು ಅದರಿಂದಲೇ. ಅಲ್ಲಿಗೂ ಸನ್‌ಸ್ಕ್ರೀನ್ ಹಚ್ಚಿ. ಮೂವರಿಗೂ ಕಪ್ಪು ಕನ್ನಡಕ, ತಲಾ ಒಂದೂವರೆ ಲೀಟರ್ ನೀರು.

ಗಾಳಿ ಜೋರಾದರೆ ದೋಣಿ ನಿಲ್ಲಿಸುತ್ತಾರೆ. ಬೇಸಿಗೆಯಲ್ಲಿ ಮಧ್ಯಾಹ್ನದ ಮೇಲೆ ಗಾಳಿ ಏಳುವುದು ವಾಡಿಕೆ, ಗಾಳಿಪಟ ಹಿಡಿದು ನೀರ ಮೇಲೆ ಜಾರುವವರು ಇಲ್ಲಿಗೆ ಬರುವುದೇ ಅದಕ್ಕೆ. ದ್ವೀಪವನ್ನು ಬೆಳಿಗ್ಗೆಗೆ ಇಟ್ಟುಕೊಳ್ಳಲು ಇದೂ ಒಂದು ಕಾರಣ. ಹೊರಡುವ ಮುನ್ನ ಫೋನ್ ಮಾಡಿ ಕೇಳಿ. ಮಳೆ ಬಂದರೆ ಆ ದಿನ ಕೊಯ್ಲು ಇರುವುದಿಲ್ಲ. ಸಿಹಿನೀರು ಬಿದ್ದರೆ ಹರಳು ಕರಗುತ್ತದೆ, ಆಗರದವರು ಗಟ್ಟಿ ರಸವನ್ನು ಆಳದ ಪಾತಿಗೆ ಇಳಿಸಿ ಉಳಿಸಿಕೊಳ್ಳುವ ಗಡಿಬಿಡಿಯಲ್ಲಿರುತ್ತಾರೆ. ಅವರ ದಾರಿಗೆ ಅಡ್ಡ ನಿಲ್ಲಬೇಡಿ.

ಕೊನೆಯ ಉತ್ತರ

ಉಪ್ಪು ಕೊಳ್ಳುವುದಾದರೆ ಪೊಟ್ಟಣದ ಮೇಲೆ ‘ತ್ರಾಪನಿ ಸಮುದ್ರದ ಉಪ್ಪು, ಐಜಿಪಿ’ ಅಂತ ಇದೆಯೇ ನೋಡಿ; ಐಜಿಪಿ ಅಂದರೆ ಸಂರಕ್ಷಿತ ಭೌಗೋಳಿಕ ಗುರುತು. ದಪ್ಪ ಹರಳಿನದ್ದು ತೇವ ಹಿಡಿದಿರುತ್ತದೆ, ಅದು ದೋಷವಲ್ಲ. ಮನೆಗೆ ಬಂದು ಅಗಲ ತಟ್ಟೆಯಲ್ಲಿ ಹರಡಿ ಒಣಗಿಸಿ ಗಾಜಿನ ಭರಣಿಗೆ ಹಾಕಿ. ಲೋಹದ ಮುಚ್ಚಳ ಬೇಡ, ತುಕ್ಕು ಹಿಡಿಯುತ್ತದೆ. ಸಾಮಾನ್ಯವಾಗಿ ಇದಕ್ಕೆ ಅಯೋಡಿನ್ ಸೇರಿಸಿರುವುದಿಲ್ಲ, ಆದ್ದರಿಂದ ದಿನದ ಅಡುಗೆ ಉಪ್ಪನ್ನು ಪೂರ್ತಿ ಬಿಡಬೇಡಿ. ಸೂಟ್‌ಕೇಸಿನಲ್ಲಿ ಎರಡು ಪ್ಲಾಸ್ಟಿಕ್ ಚೀಲದೊಳಗೆ ಕಟ್ಟಿ ಇಡಿ.

ಅದೇ ರಾತ್ರಿ ಚಪ್ಪಲಿ, ಕ್ಯಾಮೆರಾ ಸ್ಟ್ಯಾಂಡಿನ ಕಾಲುಗಳು, ಕನ್ನಡಕ ಎಲ್ಲವನ್ನೂ ಸಿಹಿನೀರಿನಲ್ಲಿ ತೊಳೆಯಿರಿ. ಲೆನ್ಸನ್ನು ಒಣ ಬಟ್ಟೆಯಿಂದ ಒರೆಸಬೇಡಿ, ಹರಳು ಗೀರು ಬೀಳಿಸುತ್ತದೆ. ಸಿಹಿನೀರಿನಲ್ಲಿ ಹಿಂಡಿದ ಬಟ್ಟೆಯನ್ನು ಮೊದಲು ಮೆಲ್ಲಗೆ ಒತ್ತಿ, ಉಪ್ಪು ಕರಗಿದ ಮೇಲೆ ಒರೆಸಿ.