ಬೆಳಗಿ ಎರಡೇ ಸೆಕೆಂಡಿನಲ್ಲಿ ಆರುವ ಎಲ್‌ಸಿಡಿ ಮಾನಿಟರ್: ದೋಷ ಇನ್ವರ್ಟರಿನದೋ, ದೀಪದ್ದೋ?

ಪ್ರಶ್ನೆ

ನನ್ನಲ್ಲಿ ನಾಲ್ಕು ಸಿಸಿಎಫ್‌ಎಲ್ ದೀಪಗಳಿರುವ (ಪರದೆಗೆ ಹಿಂದಿನಿಂದ ಬೆಳಕು ಕೊಡುವ ತೆಳು ಟ್ಯೂಬುಗಳು) 17 ಇಂಚಿನ ಹಳೆಯ ಮಾನಿಟರ್ ಇದೆ. ಸ್ವಿಚ್ ಒತ್ತಿದೊಡನೆ ಪರದೆ ಬೆಳಗಿ, ಸುಮಾರು ಎರಡು ಸೆಕೆಂಡಿನಲ್ಲಿ ಕತ್ತಲಾಗುತ್ತದೆ. ಪವರ್ ಎಲ್‌ಇಡಿ ಮಾತ್ರ ಹಸಿರಾಗಿಯೇ ಉಳಿಯುತ್ತದೆ, ಟಾರ್ಚನ್ನು ಓರೆಯಾಗಿ ಹಿಡಿದರೆ ಚಿತ್ರವೂ ಮಸುಕಾಗಿ ಕಾಣುತ್ತದೆ. ಉಬ್ಬಿದ್ದ ಎರಡು ಕೆಪಾಸಿಟರುಗಳನ್ನು ಬದಲಿಸಿದರೂ ಫಲ ಸಿಗಲಿಲ್ಲ. ದೀಪಗಳಿಗೆ ಹೆಚ್ಚಿನ ವೋಲ್ಟೇಜ್ ಒದಗಿಸುವ ಇನ್ವರ್ಟರನ್ನು ನಿಯಂತ್ರಿಸುವುದು ಓಜೆಡ್9938 ಐಸಿ. ಅದರ 3ನೇ ಪಿನ್ನನ್ನು ಗ್ರೌಂಡಿಗೆ ಸೇರಿಸಿಬಿಟ್ಟರೆ ಸಾಕು ಎಂದು ಪರಿಚಿತ ಮೆಕ್ಯಾನಿಕ್ ಒಬ್ಬರು ಹೇಳುತ್ತಾರೆ. ಹಾಗೆ ಮಾಡಬಹುದೇ?

ಉತ್ತರ 1

ದಯವಿಟ್ಟು ಅದನ್ನು ರಿಪೇರಿ ಎಂದುಕೊಳ್ಳಬೇಡಿ. 3ನೇ ಪಿನ್ ಟೈಮರಿನದು. ದೀಪದ ಕರೆಂಟನ್ನು 5ನೇ ಪಿನ್ನಿನಲ್ಲಿಯೂ ವೋಲ್ಟೇಜನ್ನು 6ನೇ ಪಿನ್ನಿನಲ್ಲಿಯೂ ಗಮನಿಸುವ ಐಸಿಗೆ ಏನಾದರೂ ತಪ್ಪು ಕಂಡರೆ, ಟೈಮರಿಗೆ ಜೋಡಿಸಿದ ಕೆಪಾಸಿಟರ್ ಚಾರ್ಜ್ ಆಗತೊಡಗುತ್ತದೆ, ಮಿತಿ ಮುಟ್ಟಿದಾಗ ಐಸಿ ಇನ್ವರ್ಟರನ್ನು ಓಡಿಸುವುದನ್ನೇ ನಿಲ್ಲಿಸುತ್ತದೆ. ನೀವು ಕಾಣುತ್ತಿರುವ ಎರಡು ಸೆಕೆಂಡು ಆ ಚಾರ್ಜಿಂಗಿನ ಅವಧಿ. ಪಿನ್ನನ್ನು ಗ್ರೌಂಡ್ ಮಾಡಿದರೆ ದೂರು ಕೇಳಿಸುವುದಿಲ್ಲ, ದೋಷ ಅಲ್ಲೇ ಇರುತ್ತದೆ. ದೀಪದ ತಂತಿ ಸಡಿಲವಾಗಿದ್ದರೆ ಸಾವಿರ ವೋಲ್ಟಿಗೂ ಮೀರಿದ ವಿದ್ಯುತ್ತು ಕಿಡಿ ಹಾರಿಸಿ ಬೋರ್ಡನ್ನೇ ಸುಡಬಹುದು.

ಎರಡು ಸೆಕೆಂಡಾದರೂ ಬೆಳಕು ಬರುತ್ತಿರುವುದರಿಂದ ಫ್ಯೂಸ್, ಮಾಸ್‌ಫೆಟ್‌ಗಳ (ಇನ್ವರ್ಟರಿನ ಸ್ವಿಚಿಂಗ್ ಟ್ರಾನ್ಸಿಸ್ಟರುಗಳು) ಮೇಲೆ ನನಗೆ ಅನುಮಾನವಿಲ್ಲ. ಪ್ಲಗ್ ಕಿತ್ತು, ಮೇನ್ಸ್ ಭಾಗದ ದೊಡ್ಡ ಕೆಪಾಸಿಟರ್ ಡಿಸ್ಚಾರ್ಜ್ ಆಗಿದೆಯೆಂದು ಮೀಟರಿನಿಂದ ಖಚಿತಪಡಿಸಿಕೊಂಡ ಮೇಲೆ, ದೀಪಗಳ ಕನೆಕ್ಟರುಗಳನ್ನು ತೆಗೆದು, ಇನ್ವರ್ಟರಿನ ಟ್ರಾನ್ಸ್‌ಫಾರ್ಮರುಗಳ ಪ್ರತಿಯೊಂದು ಸೆಕೆಂಡರಿ (ದೀಪದ ಕಡೆಯ) ಸುರುಳಿಯ ರೆಸಿಸ್ಟೆನ್ಸ್ ಅಳೆಯಿರಿ. ಇಷ್ಟೇ ಇರಬೇಕೆಂಬ ಸಂಖ್ಯೆಗಿಂತ ಒಂದರೊಡನೊಂದರ ಹೋಲಿಕೆ ಮುಖ್ಯ: ಒಂದೇ ಬಗೆಯ ಸುರುಳಿಗಳು ಹೆಚ್ಚುಕಡಿಮೆ ಸಮನಾಗಿರಬೇಕು. ಇನ್ವರ್ಟರ್ ಓಡುತ್ತಿರುವಾಗ ಮಾತ್ರ ಸಾಮಾನ್ಯ ಮೀಟರಿನ ಪ್ರೋಬನ್ನು ಔಟ್‌ಪುಟ್‌ಗೆ ಮುಟ್ಟಿಸಬೇಡಿ.

ಉತ್ತರ 2

ಸುರುಳಿಗಳು ಸಮನಾಗಿದ್ದರೆ ದೀಪಗಳನ್ನು ನೋಡಿ. ತುದಿ ಕಪ್ಪಾದ, ಬಿಳಿಯ ಬದಲು ನಸುಗೆಂಪಾಗಿ ಹೊತ್ತುವ ದೀಪ ಮುಗಿದಂತೆಯೇ. ಒಂದೊಂದರ ಜಾಗದಲ್ಲೂ ಸುಸ್ಥಿತಿಯ ಬಿಡಿ ದೀಪವನ್ನು ಜೋಡಿಸುತ್ತಾ ಹೋದರೆ, ಯಾವ ಜಾಗದಲ್ಲಿ ಜೋಡಿಸಿದಾಗ ಬೆಳಕು ಆರದೆ ಉಳಿಯುತ್ತದೋ ಅಲ್ಲಿನ ಹಳೆಯ ದೀಪವೇ ಕೆಟ್ಟದ್ದು. ಬಿಡಿ ದೀಪ ಸಿಗದಿದ್ದರೆ ನಾನು 10 ಕಿಲೋಓಮಿನ, 1 ವಾಟಿನ 12 ರೆಸಿಸ್ಟರುಗಳನ್ನು ಸರಣಿಯಲ್ಲಿ ಬೆಸೆದು ಬಳಸುತ್ತೇನೆ. 6 ಮಿಲಿಆಂಪ್ ಹರಿದಾಗ ಅದರ ಮೇಲೆ 720 ವೋಲ್ಟ್ ಬೀಳುವುದರಿಂದ ಐಸಿ ಅದನ್ನು ದೀಪವೆಂದೇ ಎಣಿಸುತ್ತದೆ. ಒಂದೇ ಸಣ್ಣ ರೆಸಿಸ್ಟರ್ ಅಷ್ಟು ವೋಲ್ಟೇಜನ್ನು ತಾಳದು. ದೀಪದೊಳಗೆ ಪಾದರಸವಿದೆ, ಒಡೆಯದಂತೆ ತೆಗೆಯಿರಿ.

ಪ್ರಶ್ನೆ ಕೇಳಿದವರಿಂದ

ಮೂರು ಸುರುಳಿಗಳು 870 ಓಮಿನ ಆಸುಪಾಸು ತೋರಿಸಿದವು, ನಾಲ್ಕನೆಯದು ಪೂರ್ಣ ಓಪನ್. ಭೂತಗನ್ನಡಿಯಲ್ಲಿ ನೋಡಿದರೆ ಕೂದಲಿಗಿಂತ ತೆಳುವಾದ ತಂತಿ ಪಿನ್ನಿನ ಬುಡದಲ್ಲೇ ತುಂಡಾಗಿತ್ತು. ಬೆಸೆಯಲು ತುದಿ ಸಿಗಲಿಲ್ಲ. ಗುಜರಿ ಬೋರ್ಡೊಂದರಿಂದ ಅದೇ ನಂಬರಿನ ಟ್ರಾನ್ಸ್‌ಫಾರ್ಮರ್ ತೆಗೆದು ಹಾಕಿದ್ದೇನೆ. ಮೂರು ಗಂಟೆಯಿಂದ ಪರದೆ ಉರಿಯುತ್ತಿದೆ, 3ನೇ ಪಿನ್ನನ್ನು ಮುಟ್ಟಿಲ್ಲ.